ಪದಚರ್ಚೆ: ಜಪಾನಿಯ ‘ಸುಕಿ’ಗೆ ನಮ್ಮ ‘ಇಷ್ಟ’ ಸಾಕೇ?

ಎಲ್ಲರಿಗೂ ನಮಸ್ಕಾರ.

ಜಪಾನಿನ ಅನಿಮೇಷನ್ ಸಂಸ್ಥೆ ಘಿಬ್ಲಿ ಸ್ಟುಡಿಯೊದ ‘ವಿಸ್ಪರ್ ಆಫ್ ದ ಹಾರ್ಟ್’ (1995, ನಿರ್ದೇಶಕ ಯೊಶಿಫುಮಿ ಕೊಂಡೊ) ಚಿತ್ರಕ್ಕೆ ಸುಮ್ನೆ ಖುಷಿಗೆಂದು ಕನ್ನಡ ಸಬ್‌ಟೈಟಲ್ ಬರೆಯುತ್ತಿದ್ದೇನೆ. ಒಂದು ಪದದ ಹತ್ತಿರ ನಿಂತುಬಿಟ್ಟಿದ್ದೇನೆ.

ಶಿಜುಕು ಟೋಕಿಯೊದ ಶಾಲಾ ಹುಡುಗಿ. ಗೆಳೆಯ ಸುಗಿಮುರ ದೇವಸ್ಥಾನದ ಆವರಣದಲ್ಲಿ ತಡವರಿಸುತ್ತಾ ಅವಳಿಗೆ ಹೇಳುವ ಪದ ‘ಸುಕಿ’, ‘ಇಷ್ಟ’ ಅನ್ನುವಂಥ ಮಾತು. ಪಿಟೀಲು ಮಾಡುವ ಕೆಲಸಕ್ಕಾಗಿ ಇಟಲಿಯ ಕ್ರೆಮೊನಾಗೆ ಹೋಗಿಬಂದ ಅವಳ ಇನ್ನೊಬ್ಬ ಗೆಳೆಯ ಸೆಯ್ಜಿ, ಕೊನೆಯಲ್ಲಿ ಗುಡ್ಡದ ಮೇಲೆ ನಿಂತು ಮದುವೆಯ ಮಾತೆತ್ತಿ, ‘ದಾಯ್‌ಸುಕಿ ದ!’ ಎಂದು ಕೂಗುತ್ತಾನೆ. ‘ದಾಯ್’ ಅಂದರೆ ದೊಡ್ಡ, ಅಷ್ಟೇ. ಒಬ್ಬನಿಗೆ ಒಲಿಯದ ಪದವೇ ಇನ್ನೊಬ್ಬನಿಗೆ ಒಲಿಯಿತು. ಹಾಗಾಗಿ ಕನ್ನಡದಲ್ಲೂ ಎರಡೂ ಕಡೆ ಒಂದೇ ಪದ ಬೇಕು.

‘ಪ್ರೀತಿಸುತ್ತೇನೆ’ ನನಗೆ ಒಗ್ಗುತ್ತಿಲ್ಲ. ಸಿನಿಮಾ ಡೈಲಾಗ್ ಆಗಿಬಿಡುತ್ತದೆ. ಜಪಾನಿಯಲ್ಲೂ ಅಂಥ ಭಾರದ ಮಾತು ‘ಆಯ್‌ಶಿತೆರು’ ಬೇರೆಯೇ ಇದೆ, ಜನ ಅದನ್ನು ಬಾಯಿಬಿಟ್ಟು ಹೇಳುವುದು ಅಪರೂಪ. ‘ಸುಕಿ’ಯನ್ನು ತಿಂಡಿಗೂ ಹೇಳಬಹುದು, ಬೆಕ್ಕಿಗೂ ಹೇಳಬಹುದು. ನಮ್ಮ ‘ಇಷ್ಟ’ವೂ ಹಾಗೇ ಅಲ್ವಾ? ನನಗೆ ಮಾವಿನಹಣ್ಣು ಇಷ್ಟ, ನನಗೆ ನೀನು ಇಷ್ಟ. ಇನ್ನೊಂದು ಮಜಾ ನೋಡಿ: ‘ಸುಕಿ’ ಕ್ರಿಯಾಪದವಲ್ಲ, ‘ಇಷ್ಟ’ವೂ ಅಲ್ಲ. ಯಾರೂ ಏನೂ ‘ಮಾಡುತ್ತಿಲ್ಲ’. ‘ಲವ್ ಮಾಡ್ತೀನಿ’ ಅಂದ ಕೂಡಲೇ ಅದೊಂದು ಕೆಲಸವಾಗಿಬಿಡುತ್ತದೆ!

ಸುಗಿಮುರನಿಗೆ ‘ನಂಗೆ... ನೀನಂದ್ರೆ ಇಷ್ಟ’ ಸರಿಹೋಯಿತು. ತೊಡಕಿರುವುದು ಸೆಯ್ಜಿಯ ಕೂಗಿನಲ್ಲಿ. ‘ತುಂಬಾ ಇಷ್ಟ!’ ಓದಲು ಸರಿ. ಕೂಗಿ ನೋಡಿದರೆ ‘ಷ್ಟ’ದಲ್ಲಿ ದನಿ ಕಟ್ಟುತ್ತದೆ. ‘ತುಂಬಾ ಇಷ್ಟ ಕಣೇ!’ ಅಂದರೆ ದನಿ ಎಳೆಯಬಹುದು, ಸಲಿಗೆಯೂ ಬರುತ್ತದೆ. ಆದರೆ ಹುಡುಗ ಟೋಕಿಯೊ ಬಿಟ್ಟು ಮೈಸೂರಿಗೆ ಬಂದ ಹಾಗಾಗುತ್ತದೆಯೇ? ‘ಮೆಚ್ಚಿದ್ದೇನೆ’ಯನ್ನೂ ನೋಡಿದೆ. ಹದಿಹರೆಯದವರ ಬಾಯಿಗೆ ಅದು ತೀರಾ ಹಳೆಯದು.

ನಿಮ್ಮೂರಿನ ಕಡೆ ಹೈಸ್ಕೂಲ್ ಮಕ್ಕಳು ಇದನ್ನು ‘ಲವ್’ ಬಳಸದೆ ಹೇಗೆ ಹೇಳುತ್ತಾರೆ? ಕರಾವಳಿಯವರು, ಧಾರವಾಡ, ಕಲಬುರಗಿ ಕಡೆಯವರು ದಯವಿಟ್ಟು ತಿಳಿಸಿ. ‘ಕಣೇ’ ಇರಲೋ ಬೇಡವೋ, ಅದನ್ನೂ ಹೇಳಿ.