ಗಂಡುವೇಷವೋ, ಮಾರುವೇಷವೋ?

ಗೆಳೆಯರೆ,

ಅರ್ನ್ಸ್ಟ್ ಲೂಬಿಚ್ 1918ರಲ್ಲಿ ಜರ್ಮನಿಯಲ್ಲಿ ತೆಗೆದ ಮುಕ್ಕಾಲು ಗಂಟೆಯ ಮೂಕಿಚಿತ್ರವೊಂದಕ್ಕೆ ಕನ್ನಡದ ಅಡಿಬರಹ ಬರೆಯುತ್ತಿದ್ದೇನೆ. ಹೆಸರು 'ಇಷ್ ಮ್ಯೋಷ್ಟೆ ಕೈನ್ ಮಾನ್ ಜೈನ್'. ನಾನು 'ಗಂಡಾಗಲೊಲ್ಲೆ' ಎಂದಿಟ್ಟಿದ್ದೇನೆ. 'ಗಂಡಾಗಲಾರೆ' ಎಂದರೆ ಕೈಲಾಗದವಳ ಮಾತಾಗುತ್ತದೆ. ಚಿತ್ರದ ನಾಯಕಿ ಓಸಿಯದು ಬೇಡವೆನ್ನುವ ಮಾತು. ಧಾರವಾಡದವರ ದಿನಬಳಕೆಯ 'ಒಲ್ಲೆ'ಯೇ ಇಲ್ಲಿ ಸರಿ.

ಸಿಕ್ಕಿಕೊಂಡಿರುವುದು ವೇಷದ ಪದದಲ್ಲಿ. ಸಿಗರೇಟು ಸೇದಬೇಡ, ಇಸ್ಪೀಟಾಡಬೇಡ ಎನ್ನುವ ಹಿರಿಯರ ಕಾಟಕ್ಕೆ ಬೇಸತ್ತ ಓಸಿ ಗಂಡಸರ ಕರಿ ಕೋಟು ಹೊಲಿಸಿಕೊಳ್ಳುತ್ತಾಳೆ. ಅವಳ ಅಳತೆ ತೆಗೆಯಲು ದರ್ಜಿಗಳಲ್ಲೇ ನಾ ಮುಂದು ತಾ ಮುಂದು! ಆ ಕೋಟಿನಲ್ಲಿ ನೃತ್ಯಕೂಟಕ್ಕೆ ಹೋದರೆ, ಅಲ್ಲಿ ಅವಳನ್ನು ಹದ್ದುಬಸ್ತಿನಲ್ಲಿಡಲು ಬಂದ ಡಾಕ್ಟರ್ ಕೆರ್ಸ್ಟನ್. ಅವನಿಗೆ ಗುರುತು ಹತ್ತುವುದಿಲ್ಲ. ಇಬ್ಬರೂ ಕುಡಿದು ಗೆಳೆಯರಾಗಿ ಮುತ್ತಿಟ್ಟುಕೊಳ್ಳುತ್ತಾರೆ.

ಥಟ್ಟನೆ ನಾಲಿಗೆಗೆ ಬರುವುದು 'ಮಾರುವೇಷ'. ಆದರೆ ಕೇಳಿದೊಡನೆ ಕಂಬಳಿ ಹೊದ್ದು ರಾತ್ರಿ ಊರು ಸುತ್ತುವ ರಾಜ ಕಣ್ಣಮುಂದೆ ನಿಲ್ಲುತ್ತಾನೆ. ಓಸಿಗೆ ಪತ್ತೆದಾರಿಕೆ ಬೇಕಿಲ್ಲ, ಒಂದು ರಾತ್ರಿಯ ಬಿಡುಗಡೆ ಸಾಕು. 'ಛದ್ಮವೇಷ' ಶಾಲೆಯ ಸ್ಪರ್ಧೆಗೆ ಹೋಗಿಬಿಟ್ಟಿದೆ. 'ಸೋಗು' ಅಂದರೆ ವಂಚನೆಯ ವಾಸನೆ. ಉಳಿದದ್ದು 'ಗಂಡುವೇಷ'. ಯಕ್ಷಗಾನದ ಸ್ತ್ರೀವೇಷದಂತೆ ಇದೂ ನೋಡುವವರಿಗೆಲ್ಲ ಗೊತ್ತಿರುವ ವೇಷ ಅನ್ನಿಸುತ್ತದೆ. ಚಿತ್ರದಲ್ಲೂ ನಮಗೆ ಗೊತ್ತು, ಕೆರ್ಸ್ಟನ್‌ಗೆ ಮಾತ್ರ ಗೊತ್ತಿಲ್ಲ. ಹಾಗಾಗಿ ನನ್ನ ಒಲವು ಅದರ ಕಡೆಗೆ.

ಬರೆಯುತ್ತ ಕಂಡ ಇನ್ನೊಂದು ಸಂಗತಿ. 'ನಾನು ಬಂದೆ' ಎನ್ನುವವರು ಹೆಣ್ಣೋ ಗಂಡೋ ಕನ್ನಡ ಹೇಳುವುದಿಲ್ಲ. ಹಿಂದಿಯಲ್ಲಾದರೆ ಓಸಿ 'ಆಯೀ' ಬಿಟ್ಟು 'ಆಯಾ' ಎಂದು ವ್ಯಾಕರಣದಲ್ಲೂ ಸುಳ್ಳಾಡಬೇಕಿತ್ತು. ಆದರೆ ಕರೆಯುವಾಗ ನಮ್ಮ ಭಾಷೆ ಬಿಡುವುದಿಲ್ಲ. ಕುಡಿದ ಕೆರ್ಸ್ಟನ್ ಬಾಯಲ್ಲಿ 'ಬಾರೋ' ಇಟ್ಟಿದ್ದೇನೆ. ಮಾರನೆಯ ದಿನ ನಿಜ ಬಯಲಾದ ಮೇಲೆ 'ಬಾರೇ'. ಒಂದೇ ಸ್ವರದಲ್ಲಿ ವೇಷ ಕಳಚುತ್ತದೆ. ಇದನ್ನು ಬರೆದ ದಿನ ನನಗಾದ ಖುಷಿ ಅಷ್ಟಿಷ್ಟಲ್ಲ.

ಈಗ ಪ್ರಶ್ನೆ. 'ಗಂಡುವೇಷ'ದ ಜೊತೆ ಯಾವ ಕ್ರಿಯಾಪದ ಸಲೀಸು: ಹಾಕು, ತೊಡು, ಕಟ್ಟು? 'ಕಟ್ಟು' ರಂಗಸ್ಥಳಕ್ಕೇ ಸೇರಿದ್ದೇ? ನಿಮ್ಮ ಮನೆಮಾತಿನಲ್ಲಿ, ಹುಡುಗಿಯೊಬ್ಬಳು ಗಂಡುಬಟ್ಟೆ ತೊಟ್ಟು ಗುರುತು ಮರೆಸಿಕೊಂಡು ಹೊರಟರೆ ಏನನ್ನುತ್ತಾರೆ? ಊರಿನ ಹೆಸರೂ ಸೇರಿಸಿ ಬರೆಯಿರಿ.