ಕ್ರೆಪ್ಲಾಖ್‌ಗೆ ಖೀಮಾ ತರಬೇಡ ತಂಗಿ

ತಂಗಿ, ನಿನ್ನ ವಾಯ್ಸ್ ಮೆಸೇಜ್ ಈಗಷ್ಟೇ ಕೇಳಿದೆ. ನೀನು ನೋಡಿಕೊಳ್ಳುವ ಅಜ್ಜಿಗೆ ಯೋಮ್ ಕಿಪ್ಪುರ್, ಅಂದರೆ ಯಹೂದಿಗಳ ಪ್ರಾಯಶ್ಚಿತ್ತದ ದಿನದ ಉಪವಾಸದ ಮುಂಚಿನ ಊಟಕ್ಕೆ ಕ್ರೆಪ್ಲಾಖ್ (ಮಾಂಸ ತುಂಬಿ ಸೂಪಿನಲ್ಲಿ ಹಾಕಿ ಕೊಡುವ ಕಡುಬು) ಬೇಕಂತೆ, ಖೀಮಾ ಎಷ್ಟು ತರಲಿ ಅಂತ ಕೇಳಿದ್ದೀಯ. ಇಸ್ರೇಲಿನ ಮನೆಗಳಲ್ಲಿ ಕೆಲಸ ಮಾಡುವ ನಮ್ಮ ಗ್ರೂಪಿನಲ್ಲಿ ಬೇರೆಯವರಿಗೂ ಬೇಕಾಗಬಹುದು, ಹಾಗಾಗಿ ಇಲ್ಲೇ ಹೇಳುತ್ತೇನೆ. ಸ್ವಲ್ಪ ಉದ್ದ ಆಗುತ್ತದೆ, ಕೇಳಿಸಿಕೋ.

ಖೀಮಾ ತರಲೇಬೇಡ ಮಾರಾಯ್ತಿ. ಹಸಿ ಮಾಂಸ ತುಂಬಿದರೆ ಅದು ಗಟ್ಟಿ ಉಂಡೆಯಾಗಿ ಕೂರುತ್ತದೆ. ಪೋಲೆಂಡ್, ರೊಮೇನಿಯಾ ಕಡೆಯಿಂದ ಬಂದ ಅಜ್ಜಿಯರಿಗೆ ಬೇಕಾಗಿರುವುದು ಸೂಪಿನಲ್ಲಿ ಬೆಂದ ಮಾಂಸದ ರುಚಿ. ಕಟುಕನ ಅಂಗಡಿಯಲ್ಲಿ ನಂಬರ್ 5 ಅಥವಾ ನಂಬರ್ 8 ಕೇಳು. ಇಲ್ಲಿ ದನದ ಮಾಂಸದ ಭಾಗಗಳಿಗೆ ನಂಬರ್ ಉಂಟು: 5 ಅಂದರೆ ಭುಜದ ಭಾಗ, 8 ಕಾಲಿನದ್ದು. ಅರ್ಧ ಕಿಲೋ ಸಾಕು. ಅದನ್ನು ಕೋಳಿಯ ಜೊತೆ ಒಂದೇ ಪಾತ್ರೆಯಲ್ಲಿ ಹಾಕಿ ಈರುಳ್ಳಿ, ಕ್ಯಾರೆಟ್, ಸೆಲರಿ, ಸಬ್ಬಸಿಗೆ ಸೊಪ್ಪು ಸೇರಿಸಿ ಸಣ್ಣ ಉರಿಯಲ್ಲಿ ಎರಡು ಮೂರು ಗಂಟೆ ಬೇಯಿಸು. ಮಾಂಸ ಬೆರಳಲ್ಲಿ ಒತ್ತಿದರೆ ಎಳೆ ಎಳೆಯಾಗಿ ಬಿಡಬೇಕು. ನಮ್ಮಲ್ಲಿ ದನದ ಮಾಂಸ ಮುಟ್ಟದವರು ಇದ್ದೀರಿ, ನೀವು ಬರೀ ಕೋಳಿಯಲ್ಲೇ ಮಾಡಿ. ಕೋಳಿಯ ಕ್ರೆಪ್ಲಾಖ್ ಕೂಡ ಹಳೆಯ ಪದ್ಧತಿಯೇ, ಅಜ್ಜಿ ಬೇಸರ ಮಾಡುವುದಿಲ್ಲ.

ಅಡುಗೆಮನೆಗೆ ಹೋಗುವ ಮುಂಚೆ ಒಂದು ಮಾತು. ಮನೆ ಕೋಷರ್ ಆದರೆ, ಅಂದರೆ ಮಾಂಸ ಹಾಲು ಬೆರೆಸದಂಥ ಯಹೂದಿ ಊಟದ ನೇಮ ಪಾಲಿಸುವ ಮನೆಯಾದರೆ, ಗ್ಯಾಸ್ ಅಜ್ಜಿಯ ಕೈಯಲ್ಲೇ ಹಚ್ಚಿಸು. ಯಹೂದಿಯಲ್ಲದವರು ಪೂರ್ತಿ ತಾವೇ ಬೇಯಿಸಿದ್ದನ್ನು ನೇಮ ಪಾಲಿಸುವವರು ತಿನ್ನುವುದಿಲ್ಲ. ಇವರ ಕಡೆ, ಅಂದರೆ ಯುರೋಪ್ ಮೂಲದ ಅಶ್ಕೆನಾಝಿ ಯಹೂದಿಗಳಲ್ಲಿ, ಒಲೆ ಅವರು ಹಚ್ಚಿದರೆ ಸಾಕು, ಮಿಕ್ಕ ಕೆಲಸ ನೀನು ಮಾಡಬಹುದು. ಗಾಲಿಕುರ್ಚಿಯನ್ನು ಒಲೆಯ ಹತ್ತಿರ ತಳ್ಳಿಕೊಂಡು ಹೋಗಿ ನಾಬ್ ತಿರುಗಿಸಲು ಹೇಳು, ಅಷ್ಟೇ. ಆಮೇಲೆ ಪಾತ್ರೆ, ಲಟ್ಟಣಿಗೆ, ಸ್ಪಂಜು ಎಲ್ಲವೂ ಮಾಂಸದ ಕಡೆಯದ್ದೇ ಆಗಿರಬೇಕು. ತುಂಬಾ ಮನೆಗಳಲ್ಲಿ ಕೆಂಪು ಬಣ್ಣದ್ದು ಮಾಂಸಕ್ಕೆ, ನೀಲಿ ಬಣ್ಣದ್ದು ಹಾಲಿಗೆ. ಆದರೂ ಕೇಳಿಯೇ ಮುಟ್ಟು. ಬೆಣ್ಣೆ, ತುಪ್ಪ, ಹಾಲು ಒಂದು ಹನಿಯೂ ಬೇಡ. ಊಟ ಆದ ಮೇಲೆ ಪ್ರೀತಿಯಿಂದ ಹಾಲು ಹಾಕಿದ ಕಾಫಿ ಕೊಡಲೂ ಹೋಗಬೇಡ.

ಹಿಟ್ಟಿಗೆ ಎರಡು ಕಪ್ ಮೈದಾ, ಎರಡು ಮೊಟ್ಟೆ, ಸ್ವಲ್ಪ ಉಪ್ಪು, ಒಂದು ಚಮಚ ಎಣ್ಣೆ, ಬೇಕಾದಷ್ಟೇ ನೀರು. ಮೊಟ್ಟೆಯನ್ನು ಒಂದೊಂದಾಗಿ ಗಾಜಿನ ಲೋಟಕ್ಕೆ ಒಡೆದು, ಬೆಳಕಿಗೆ ಹಿಡಿದು ನೋಡು. ರಕ್ತದ ಚುಕ್ಕೆ ಕಂಡರೆ ಆ ಮೊಟ್ಟೆ ಕಸಕ್ಕೆ. ಅಜ್ಜಿ ಪಕ್ಕದಲ್ಲಿ ಕೂತು ಇದನ್ನೇ ಗಮನಿಸುತ್ತಿರುತ್ತಾರೆ! ಚೆನ್ನಾಗಿ ನಾದಿ ಅರ್ಧ ಗಂಟೆ ಮುಚ್ಚಿಡು. ಇಲ್ಲದಿದ್ದರೆ ಲಟ್ಟಿಸಿದಷ್ಟೂ ಹಿಂದಕ್ಕೆ ಎಳೆದುಕೊಳ್ಳುತ್ತದೆ.

ಅಷ್ಟರಲ್ಲಿ ಎರಡು ಈರುಳ್ಳಿ ಸಣ್ಣಗೆ ಹೆಚ್ಚಿ ಹುರಿ. ಕೋಳಿ ಕೊಬ್ಬು ಇದ್ದರೆ ಅದರಲ್ಲಿ, ಇಲ್ಲದಿದ್ದರೆ ಎಣ್ಣೆಯಲ್ಲಿ. ಅವಸರ ಬೇಡ, ಅಂಚು ಕಂದು ಬಣ್ಣಕ್ಕೆ ಬಂದು ಸಿಹಿ ವಾಸನೆ ಏಳಬೇಕು. ರುಚಿಯೆಲ್ಲ ಇದರಲ್ಲೇ ಉಂಟು. ಬೆಂದ ಮಾಂಸದ ಜೊತೆ ರುಬ್ಬಿ, ಒಂದು ಮೊಟ್ಟೆ, ಕರಿಮೆಣಸು, ಉಪ್ಪು ಸೇರಿಸು. ಒಣಗಿದ ಹಾಗಿದ್ದರೆ ಎರಡು ಚಮಚ ಸೂಪ್ ಹಾಕು. ಶುಂಠಿ ಬೆಳ್ಳುಳ್ಳಿ, ಗರಂ ಮಸಾಲೆ ಅಂತ ಕೈ ಹೋಗುತ್ತದೆ, ಗೊತ್ತು. ಬೇಡ. ಒಂದು ದಿನಕ್ಕಿಂತ ಜಾಸ್ತಿ ನೀರೂ ಕುಡಿಯದೆ ಇರುವವರು, ಉಪ್ಪು ಖಾರ ಕಮ್ಮಿ ಇದ್ದಷ್ಟೂ ಬಾಯಾರಿಕೆ ಕಮ್ಮಿ.

ಹಿಟ್ಟನ್ನು ಆದಷ್ಟೂ ತೆಳ್ಳಗೆ ಲಟ್ಟಿಸು. ಅಡಿಯಲ್ಲಿಟ್ಟ ಕೈಬೆರಳು ಮಸುಕಾಗಿ ಕಾಣಬೇಕು. ಏಳೆಂಟು ಸೆಂಟಿಮೀಟರಿನ ಚೌಕ ಕತ್ತರಿಸಿ, ನಡುವೆ ಒಂದು ಟೀಚಮಚ ಹೂರಣ ಇಟ್ಟು ತ್ರಿಕೋನವಾಗಿ ಮಡಿಸು. ಗಾಳಿ ಹೊರಗೆ ತಳ್ಳಿ, ಕರ್ಜಿಕಾಯಿ ಅಂಚು ಒತ್ತುವ ಹಾಗೆ ಒತ್ತು. ಹೂರಣ ಜಾಸ್ತಿ ತುಂಬಿದರೆ ಕುದಿಯುವಾಗ ಬಾಯಿ ಬಿಡುತ್ತದೆ. ಉಪ್ಪು ನೀರಿನಲ್ಲಿ ಹದಿನೈದು ನಿಮಿಷ ಬೇಯಿಸು. ಸೂಪಿಗೇ ಹಾಕಿ ಬೇಯಿಸಬೇಡ, ಹಿಟ್ಟಿನ ಪುಡಿಯಿಂದ ಸೂಪ್ ಕದಡುತ್ತದೆ. ಇವರಿಗೆ ಸೂಪ್ ತಿಳಿಯಾಗಿ, ಚಿನ್ನದ ಬಣ್ಣದಲ್ಲಿರಬೇಕು.

ಇದನ್ನು ಮಾಡುವ ದಿನಗಳು ಮುಖ್ಯವಾಗಿ ಮೂರು: ಯೋಮ್ ಕಿಪ್ಪುರ್ ಹಿಂದಿನ ದಿನ, ಸುಕ್ಕೋತ್ ಹಬ್ಬದ ಏಳನೇ ದಿನವಾದ ಹೊಶಾನಾ ರಬ್ಬಾ, ಆಮೇಲೆ ಪೂರಿಮ್ ಹಬ್ಬ. ಮೂರರಲ್ಲೂ ಹೊಡೆಯುವ ಪದ್ಧತಿ ಉಂಟು ಅನ್ನುತ್ತಾರೆ. ಹಿಂದೆ ಕಿಪ್ಪುರ್ ಮುಂಚೆ ಗಂಡಸರು ಪ್ರಾಯಶ್ಚಿತ್ತಕ್ಕೆ ಚಾಟಿಯೇಟು ತಿನ್ನುತ್ತಿದ್ದರಂತೆ. ಹೊಶಾನಾ ರಬ್ಬಾ ದಿನ ವಿಲ್ಲೋ ಕೊಂಬೆಗಳನ್ನು ನೆಲಕ್ಕೆ ಬಡಿಯುತ್ತಾರೆ, ಪೂರಿಮ್‌ಗೆ ಹಬ್ಬದ ಕತೆ ಓದುವಾಗ ಅದರ ಖಳ ಹಾಮಾನನ ಹೆಸರು ಬಂದರೆ ಬಡಿದು ಗದ್ದಲ. ಮಾಂಸವೂ ಚಚ್ಚಿದ್ದೇ ಅಲ್ವಾ! ಇರಾಕ್ ಮೂಲದವರ ಮನೆಯಲ್ಲಿ ಕೆಲಸ ಮಾಡುವವರು ಇದನ್ನು ಮಾಡಲು ಹೋಗಬೇಡಿ. ಅಲ್ಲಿ ಮಾಡುವುದು ಕುಬ್ಬೆ, ಅಂದರೆ ಮಾಂಸ ತುಂಬಿದ ರವೆಯ ಉಂಡೆ, ಅದರ ಕತೆಯೇ ಬೇರೆ.

ಕಿಪ್ಪುರ್ ಹಿಂದಿನ ದಿನ ಅಂಗಡಿಗಳು ಮಧ್ಯಾಹ್ನಕ್ಕೇ ಮುಚ್ಚುತ್ತವೆ, ಮಾಂಸ ಮುಂಚೆಯೇ ತಂದಿಡು. ಮಡಿಸಿದ್ದನ್ನು ತಟ್ಟೆಯಲ್ಲಿ ಬಿಡಿಬಿಡಿಯಾಗಿ ಇಟ್ಟು ಫ್ರೀಜ್ ಕೂಡ ಮಾಡಬಹುದು. ಊಟ ಸೂರ್ಯ ಮುಳುಗುವ ಮುಂಚೆಯೇ ಮುಗಿಯಬೇಕು, ಆಮೇಲೆ ಮರುದಿನ ಕತ್ತಲಾಗುವವರೆಗೆ ಒಲೆಯ ಮಾತಿಲ್ಲ. ಅಂದಹಾಗೆ, ನಿನ್ನ ಅಜ್ಜಿಗೆ ನುಂಗಲು ಕಷ್ಟ ಏನಾದರೂ ಉಂಟಾ? ಇದ್ದರೆ ಚೌಕ ಅರ್ಧಕ್ಕೆ ಇಳಿಸು, ಇನ್ನೊಂದು ಐದು ನಿಮಿಷ ಜಾಸ್ತಿ ಬೇಯಿಸು. ಉಪವಾಸ ಮಾಡಬಹುದಾ ಅಂತ ಅವರ ಮಗಳ ಹತ್ತಿರ ಡಾಕ್ಟರನ್ನು ಕೇಳಿಸು.