ಕೈಯ ಬರ್ಸಾ ಇನ್ಫೆಕ್ಷನ್: ಎಂ71.14 ಹಾಕಿದ್ರೆ ಕ್ಲೇಮ್ ವಾಪಸ್ ಬರ್ತಿದೆ

ರಾತ್ರಿಪಾಳಿ_ಕೋಡರ್:
ಎಲ್ರಿಗೂ ನಮಸ್ಕಾರ. ನಾನು ಅಮೆರಿಕದ ಮೆಡಿಕಲ್ ಇನ್ಶೂರೆನ್ಸ್ ಕ್ಲೇಮ್ಸಿಗೆ ಕಾಯಿಲೆ ಕೋಡ್ (ಐಸಿಡಿ-10-ಸಿಎಂ) ಹಾಕೋಳು, ಆರ್ಥೋ ಟೀಮಿಗೆ ಬಂದು ಮೂರು ತಿಂಗಳೂ ಆಗಿಲ್ಲ. ಒಂದು ಆಪರೇಷನ್ ನೋಟಿಂದ ತಲೆ ಕೆಟ್ಟೋಗಿದೆ, ಅಡ್ಮಿಟ್ ಇಲ್ಲ, ಡೇ ಸರ್ಜರಿ. ಬಲಗೈ, ಹೆಬ್ಬೆರಳ ಕಡೆ ರೇಡಿಯಲ್ ಬರ್ಸಾಗೆ (ಟೆಂಡನ್ ಸುತ್ತ ಇರೋ ದ್ರವದ ಚೀಲ) ಇನ್ಫೆಕ್ಷನ್, ಕೊಯ್ದು ಕೀವು ತೆಗ್ದಿದಾರೆ. ಎಂ71.14 ಹಾಕ್ದೆ, ರಿಜೆಕ್ಟ್. ಎಂ71.149 ಹಾಕ್ದೆ, ಕ್ಯೂಎ (ನಮ್ಮ ಕೋಡ್ ಚೆಕ್ ಮಾಡೋರು) ಅವ್ರು ಎರರ್ ಕೊಟ್ಟು ಎಂ71.041 ಅಂತಿದಾರೆ. ಪಕ್ಕದ ಸೀಟಿನವ್ರು ಎಂ70.11 ಅಂತಾರೆ. ಯಾವ್ದಪ್ಪಾ ಸರಿ?

ಬೆಣ್ಣೆದೋಸೆ:
ಎಂ71.14 ಅರ್ಧ ಕೋಡು ಮೇಡಂ, ಆರನೇ ಕ್ಯಾರೆಕ್ಟರ್ ಬೇಕು. 1 ಬಲಗೈ, 2 ಎಡಗೈ, ಯಾವ ಕೈ ಅಂತ ಡಾಕ್ಟ್ರು ಬರೀದೇ ಇದ್ರೆ ಮಾತ್ರ 9. ಬಲಗೈ ಅಂತ ಕಣ್ಣೆದುರಿಗೇ ಇರುವಾಗ 9 ಯಾಕೆ? ಎಂ71.141 ಹಾಕಿ ಕಳ್ಸಿ, ಮುಗೀತು.

ಹಳೇ_ಹುಲಿ:
ಮುಗೀಲಿಲ್ಲ ಗುರುವೇ 😀 ಮೊದ್ಲು ಪಕ್ಕದ ಸೀಟಿನವ್ರ ಕೋಡ್ ಪಕ್ಕಕ್ಕಿಡಿ, ಎಂ70.1 ಅನ್ನೋದು ಕೈಗೆ ಜಾಸ್ತಿ ಕೆಲ್ಸ, ಒತ್ತಡ ಬಿದ್ದು ಬರೋ ಬರ್ಸೈಟಿಸ್ (ಬರ್ಸಾದ ಉರಿಯೂತ), ಎಂ71 ಕೆಳಗೆ ಅದನ್ನ ಎಕ್ಸ್‌ಕ್ಲೂಡ್ಸ್ 1 ಅಂತ ಹಾಕಿದಾರೆ, ಅಂದ್ರೆ ಎರಡೂ ಒಟ್ಟಿಗೆ ಹಾಕೋ ಹಾಗಿಲ್ಲ. ಇನ್ಫೆಕ್ಷನ್ ಆದ್ರೆ ಎಂ71.0 ಇಲ್ಲಾ ಎಂ71.1. ಮೊದಲ್ನೇದು ಬರ್ಸಾದ ಆಬ್ಸೆಸ್ (ಕೀವು ಕಟ್ಟಿರೋದು), ಎರಡ್ನೇದು ಬೇರೆ ಇನ್ಫೆಕ್ಟಿವ್ ಬರ್ಸೈಟಿಸ್. ಡಾಕ್ಟ್ರು ಆಬ್ಸೆಸ್ ಅಂತ ಬರ್ದಿದಾರಾ ಇಲ್ವಾ ಅನ್ನೋದೇ ಇಲ್ಲಿ ಪ್ರಶ್ನೆ. ಪೋಸ್ಟ್-ಆಪ್ (ಆಪರೇಷನ್ ಆದ್ಮೇಲಿನ) ಡಯಾಗ್ನೋಸಿಸ್ ಸಾಲಲ್ಲಿ ಏನಿದೆ ನೋಡಿ ಹೇಳಿ. (ನೋಟ್ ಕಾಪಿ ಪೇಸ್ಟ್ ಮಾಡ್ಬೇಡಿ ಮತ್ತೆ, ಹಿಪಾ, ಅಂದ್ರೆ ಅಮೆರಿಕದ ರೋಗಿ ಮಾಹಿತಿ ಗೌಪ್ಯತೆ ಕಾಯ್ದೆ, ಗೊತ್ತಲ್ಲ, ಕೆಲ್ಸಾನೇ ಹೋಗುತ್ತೆ.)

ರಾತ್ರಿಪಾಳಿ_ಕೋಡರ್:
ಪ್ರೀ-ಆಪಲ್ಲಿ ‘ಪ್ರಾಬಬಲ್’ (ಇರಬಹುದು) ಅಂತಿದೆ. ಪೋಸ್ಟ್-ಆಪಲ್ಲಿ ಬರೀ ‘ಇನ್ಫೆಕ್ಟೆಡ್ ರೇಡಿಯಲ್ ಬರ್ಸಾ’. ಕೀವು ಬಂತು ಅನ್ನೋದು ಒಳಗೆ ಪ್ರೊಸೀಜರ್ ವಿವರದಲ್ಲಿದೆ. ಕಲ್ಚರ್ ರಿಪೋರ್ಟಲ್ಲಿ ಸುಮಾರು ಆಂಟಿಬಯಾಟಿಕ್ಸಿಗೆ ಬಗ್ಗದ ಬ್ಯಾಕ್ಟೀರಿಯಾ, ಎಂಆರ್‌ಎಸ್‌ಎ.

ನರ್ಸಮ್ಮ:
ನಾನು ಮೊದ್ಲು ಓಟಿ ನರ್ಸ್ ಆಗಿದ್ದೆ, ಅದಕ್ಕೇ ಕೇಳ್ತೀನಿ. ರೇಡಿಯಲ್ ಬರ್ಸಾ ಅಂದ್ರೆ ಹೆಬ್ಬೆರಳು ಮಡಚೋ ಟೆಂಡನ್ನಿನ ಸುತ್ತ ಇರೋ ಚೀಲ ತಾನೇ, ಕಿರುಬೆರಳ ಕಡೆದು ಅಲ್ನಾರ್ ಬರ್ಸಾ, ಮಣಿಕಟ್ಟಿನ ಹತ್ರ ಎರಡಕ್ಕೂ ದಾರಿಯಾಗಿ ಕೀವು ದಾಟಿದ್ರೆ ಹಾರ್ಸ್‌ಶೂ ಆಬ್ಸೆಸ್ ಅಂತೀವಿ. ಹಾಗಿದ್ಮೇಲೆ ಟೆಂಡನ್ ಶೀತ್ (ಟೆಂಡನ್ನಿನ ಹೊದಿಕೆ) ಕೋಡ್ ಎಂ65 ಯಾಕಲ್ಲ?

ಹಳೇ_ಹುಲಿ:
ಅನಾಟಮಿ ಪ್ರಕಾರ ನೀವು ಹೇಳೋದು ಸರಿ ಅಕ್ಕ, ಆದ್ರೆ ನಾವು ಕೋಡ್ ಮಾಡೋದು ಅನಾಟಮಿನಲ್ಲ, ಡಾಕ್ಟ್ರು ಬರ್ದ ಪದಾನ. ಅವ್ರು ಟೆಂಡನ್ ಶೀತ್ ಆಬ್ಸೆಸ್ ಅಂದಿದ್ರೆ ಎಂ65.041 ಆಗ್ತಿತ್ತು.
ಕೋಡರ್ ಮೇಡಂ, ಡೇ ಸರ್ಜರಿ ಆದ್ದರಿಂದ ‘ಪ್ರಾಬಬಲ್’ ಬಿಟ್ಬಿಡಿ, ಔಟ್‌ಪೇಶೆಂಟಲ್ಲಿ ಅನುಮಾನಕ್ಕೆ ಕೋಡ್ ಇಲ್ಲ. ಈಗಿರೋ ಸಾಲಿಗೆ ಎಂ71.141, ಬೆಣ್ಣೆದೋಸೆ ಅವ್ರು ಅಲ್ಲೀತನಕ ಸರಿ. ಕೀವು ಅಂತ ಓದಿ ಆಬ್ಸೆಸ್ ಅಂತ ತೀರ್ಮಾನ ಮಾಡೋಕೆ ನಿಮ್ಗೂ ಹಕ್ಕಿಲ್ಲ, ಕ್ಯೂಎ ಅವ್ರಿಗೂ ಇಲ್ಲ. ಸರ್ಜನ್ನಿಗೆ ಕ್ವೆರಿ (ಸ್ಪಷ್ಟನೆ ಕೇಳೋ ಪ್ರಶ್ನೆ) ಹಾಕಿ. ‘ಆಬ್ಸೆಸ್ ಅಂತ ಬರ್ದುಕೊಡಿ’ ಅನ್ಬೇಡಿ, ಅದು ಉತ್ತರ ನಾವೇ ಬಾಯಿಗೆ ತುರುಕೋ ಲೀಡಿಂಗ್ ಕ್ವೆರಿ ಆಗುತ್ತೆ. ಕಂಡ ಕೀವನ್ನ ಎತ್ತಿ ತೋರ್ಸಿ ಡಯಾಗ್ನೋಸಿಸ್ ಏನು ಅಂತ ಕೇಳಿ, ಆಯ್ಕೆಗಳಲ್ಲಿ ‘ಬೇರೆ’ ಅನ್ನೋದೂ ಇರ್ಲಿ. ಎಂಆರ್‌ಎಸ್‌ಎ ಕೂಡ ಲ್ಯಾಬ್ ರಿಪೋರ್ಟ್ ಒಂದನ್ನೇ ನಂಬಿ ಹಾಕೋ ಹಾಗಿಲ್ಲ, ಅದನ್ನೂ ಅದೇ ಕ್ವೆರಿಲಿ ಕೇಳಿ. ಅವ್ರು ಒಪ್ಪಿದ್ರೆ ಬಿ95.62 ಎರಡನೇ ಕೋಡಾಗಿ. ಎ49.02 ಹಾಕ್ಬೇಡಿ, ಅದು ಜಾಗ ಗೊತ್ತಿಲ್ಲದ ಇನ್ಫೆಕ್ಷನ್ನಿಗೆ, ನಾನೇ ಹೊಸದ್ರಲ್ಲಿ ಎಷ್ಟು ಸಲ ಹಾಕಿ ಬೈಸ್ಕೊಂಡಿದೀನೋ.

ರಾತ್ರಿಪಾಳಿ_ಕೋಡರ್:
ನಾಲ್ಕು ದಿನ ಆದ್ಮೇಲೆ ಉತ್ತರ ಬಂತು ಸರ್. ರೇಡಿಯಲ್ ಬರ್ಸಾ ಆಬ್ಸೆಸ್, ಎಂಆರ್‌ಎಸ್‌ಎಯಿಂದ ಅಂತ ಅಡೆಂಡಂ (ನೋಟಿಗೆ ಆಮೇಲೆ ಸೇರ್ಸೋ ಟಿಪ್ಪಣಿ) ಸೇರ್ಸಿದಾರೆ. ಎಂ71.041, ಆಮೇಲೆ ಬಿ95.62 ಹಾಕಿ ಇಟ್ಟಿದೀನಿ. ಕ್ಯೂಎ ಅವ್ರ ಕೋಡೇ ಬಂತು ಆದ್ರೆ ಎರರ್ ಮಾತ್ರ ವಾಪಸ್ ತಗೊಂಡ್ರು 😅 ಕೊನೇದೊಂದು ಡೌಟು, ಅಲ್ನಾರ್ ಬರ್ಸಾನೂ ನೋಡಿದ್ವಿ, ಏನೂ ಇರ್ಲಿಲ್ಲ ಅಂತಿದೆ. ಸಿಪಿಟಿ (ಪ್ರೊಸೀಜರ್ ಕೋಡ್) 26025ಆ, 26030ಆ?

ಬೆಣ್ಣೆದೋಸೆ:
26025. ಒಂದಕ್ಕಿಂತ ಜಾಸ್ತಿ ಬರ್ಸಾ ಡ್ರೇನ್ ಮಾಡಿದ್ರೆ ಮಾತ್ರ 26030, ಬರೀ ನೋಡಿ ಬಂದಿದ್ದಕ್ಕೆ ಇಲ್ಲ. ಆರ್‌ಟಿ ಮಾಡಿಫೈಯರ್ (ಬಲಗಡೆ ಅನ್ನೋ ಗುರುತು) ಮರೀಬೇಡಿ.